ಕೆನೆಗೆಡ್ಡೆ ಮತ್ತು ನಾಲ್ಕು ಲಕ್ಷ

ಶಾಂತಿಗ್ರಾಮ
2 ಸೆಪ್ಟೆಂಬರ್ 2024

ಮಗಳು ಮಾನಸಾಳಿಗೆ ನಿನ್ನ ಸೋದರಮಾವ ಚಂದ್ರಯ್ಯ ಮಾಡುವ ಆಶೀರ್ವಾದ.

ಹಾಸನ ಸೀಮೆಗೆ ಆಲೂಗೆಡ್ಡೆ ತಂದವನು ನಾನೇ. ಇಂಗ್ಲಿಷರು ತಂದರೆಂದು ಯಾವುದೋ ಪುಸ್ತಕದಲ್ಲಿದೆಯಂತೆ. ಬರೆದವರು ಶಾಂತಿಗ್ರಾಮಕ್ಕೆ ಬಂದು ನನ್ನನ್ನು ಒಂದು ಮಾತು ಕೇಳಿದ್ದರೆ ತಿದ್ದಿಕೊಳ್ಳುತ್ತಿದ್ದರು. ನಾನು ಏಳನೇ ಕ್ಲಾಸಿಗೆ ಶಾಲೆ ಬಿಟ್ಟೆನೆಂದು ಜನ ಆಡಿಕೊಳ್ಳುತ್ತಾರೆ. ನನಗೆ ಕಲಿಸಲು ಮೇಷ್ಟರ ಹತ್ತಿರ ಏನೂ ಉಳಿದಿರಲಿಲ್ಲ, ಅಷ್ಟೆ. ಇಂಥ ಮಾವ ಬದುಕಿರುವಾಗ ನೀನು ಹೊಳೆನರಸೀಪುರದಲ್ಲಿ ಕುಳಿತು ಆಲೂಗೆಡ್ಡೆ ಬೇಯಿಸುವುದನ್ನು ಮೊಬೈಲ್ ನೋಡಿ ಕಲಿಯುತ್ತೇನೆ ಎಂದರೆ ನನಗೆ ಹೇಗಾಗಬೇಡ.

ನಿನ್ನೆ ಫೋನಿನಲ್ಲಿ ನೀನು ಹೇಳಿದ್ದು ನನಗೆ ಪೂರ್ತಿ ಅರ್ಥವಾಗಿದೆ. ಗೆಡ್ಡೆಯನ್ನು ತೆಳ್ಳಗೆ ಬಿಲ್ಲೆ ಮಾಡಿ, ಮನೆಗೆ ಹೆಂಚು ಹೊದಿಸಿದ ಹಾಗೆ ಒಂದರ ಮೇಲೊಂದು ಜೋಡಿಸಿ, ಕೆನೆ ಸುರಿದು, ಓವನಿನಲ್ಲಿ ಮೇಲೆ ಕೆಂಪಗಾಗುವ ತನಕ ಬೇಯಿಸುವುದು. ಪಲ್ಯವೂ ಅಲ್ಲ, ಪಾಯಸವೂ ಅಲ್ಲ. ಊಟದ ಜೊತೆ ಪಕ್ಕಕ್ಕೆ ಬಡಿಸುವುದು. ಇದಕ್ಕೆ ನಾನು ಕೆನೆಗೆಡ್ಡೆ ಎಂದು ಹೆಸರಿಟ್ಟಿದ್ದೇನೆ. ಚನ್ನರಾಯಪಟ್ಟಣದ ಅಡುಗೆ ಕಂಟ್ರಾಕ್ಟರ್ ರವೀಂದ್ರ ನವೆಂಬರ್ ಹತ್ತನೇ ತಾರೀಕು ರುಚಿ ನೋಡಿ ಒಪ್ಪಿದರೆ, ಅವನು ಹಿಡಿಯುವ ಆರತಕ್ಷತೆಗಳಲ್ಲೆಲ್ಲ ಇದರ ಕೌಂಟರ್ ನಿನ್ನದು ಎಂದೆಯಲ್ಲ, ಆಗಿಹೋಯಿತು ಎಂದು ತಿಳಿ.

ಕಂಡಕ್ಟರ್ ಮನುವಿನ ಬಸ್ಸಿನಲ್ಲಿ ನಮ್ಮ ಹೊಲದ ಗೆಡ್ಡೆ ಅರ್ಧ ಮೂಟೆ ಕಳಿಸಿದ್ದೇನೆ. ಕೆನೆ ಕೇಳಿದ್ದೆ, ಕೆನೆಗಿಂತ ಮಂದವಾದದ್ದನ್ನೇ ಕ್ಯಾನಿನಲ್ಲಿ ತುಂಬಿಸಿದ್ದೇನೆ. ನಮ್ಮ ಹಸು ಮೊನ್ನೆ ಕರು ಹಾಕಿತು.

ನೀನು ಇನ್ನೊಂದು ವಿಷಯ ಎತ್ತಿದೆ. ಯಾರದೋ ನಾಮಕರಣದಲ್ಲಿ ಯಾರೋ ಹೇಳಿದರಂತೆ, ಈ ಸಲ ಅಂಗಮಾರಿ ರೋಗ ಬಿದ್ದು ಆಲೂಗೆಡ್ಡೆಯಲ್ಲಿ ಚಂದ್ರಯ್ಯನಿಗೆ ನಾಲ್ಕು ಲಕ್ಷ ಹೋಯಿತೆಂದು. ಹೌದು, ನಾಲ್ಕು ಲಕ್ಷ. ಅರಕಲಗೂಡಿನ ಕಡೆ ಹತ್ತು ಎಕರೆ ಗುತ್ತಿಗೆ ಹಿಡಿದಿದ್ದೆ. ನಮ್ಮೂರ ಹುಚ್ಚಯ್ಯನಿಗೆ ಬರೀ ಎರಡು ಲಕ್ಷ ಹೋಗಿದೆ. ಬಸ್ ಸ್ಟ್ಯಾಂಡ್ ಹೋಟೆಲಿನಲ್ಲಿ ತಲೆಯ ಮೇಲೆ ಕೈ ಹೊತ್ತು ಕೂತಿದ್ದಾನೆ. ನಾನು ಅದೇ ಬೆಂಚಿನಲ್ಲಿ ಮೀಸೆ ತಿರುವಿಕೊಂಡು ಟೀ ಕುಡಿಯುತ್ತೇನೆ. ಆನೆ ಇದ್ದರೂ ಸಾವಿರ, ಸತ್ತರೂ ಸಾವಿರ.

ಆದರೆ ಇಲ್ಲಿ ನಮ್ಮ ಮನೆಯಲ್ಲಿ ನಿನ್ನ ಅತ್ತೆಯ ಕಿವಿಗೆ ಇದು ಬೀಳಬಾರದು. ಅವಳಿಗೆ ಬಿಪಿ. ಫೋನ್ ಬಂದರೆ ಸ್ಪೀಕರ್ ಹಾಕಿ ನಡುಮನೆಯಲ್ಲಿ ಇಡುವುದು ಅವಳ ಅಭ್ಯಾಸ. ನಿನ್ನೆ ಪುಣ್ಯಕ್ಕೆ ಅವಳು ಹಿತ್ತಲಲ್ಲಿದ್ದಳು. ಇನ್ನು ಮೇಲೆ ಏನಿದ್ದರೂ ಕಾಗದ ಬರೆದು ಮನು ಕೈಗೆ ಕೊಡು. ಹಾಸನದ ಸ್ಟ್ಯಾಂಡಿನಲ್ಲಿ ನಾನು ಇಸಿದುಕೊಳ್ಳುತ್ತೇನೆ.

ಇಂತು, ನಿನ್ನ ಮಾವ
ಚಂದ್ರಯ್ಯ


ಹೊಳೆನರಸೀಪುರ
10 ಸೆಪ್ಟೆಂಬರ್ 2024

ಪ್ರೀತಿಯ ಮಾವನಿಗೆ ಮಾನಸಾಳ ನಮಸ್ಕಾರ.

ಕ್ಯಾನಿನಲ್ಲಿದ್ದದ್ದು ಗಿಣ್ಣುಹಾಲು. ಮುಚ್ಚಳ ತೆಗೆದಾಗಲೇ ಬಣ್ಣ ನೋಡಿ ಅನುಮಾನ ಬಂತು. ಮಾವ ತಿಳಿದೇ ಕಳಿಸಿರುತ್ತಾನೆ ಎಂದು ಸುರಿದೆ. ಅರ್ಧ ಗಂಟೆಗೆ ಬಿಲ್ಲೆಗಳೆಲ್ಲ ಗಿಣ್ಣಿನೊಳಗೆ ಗೋಡೆಯ ಇಟ್ಟಿಗೆಯ ಹಾಗೆ ಹೂತುಕೊಂಡು ನಿಂತವು. ನಿನ್ನ ಅಳಿಯ ರಜನೀಶ್ ಒಂದು ತುಂಡು ಬಾಯಿಗಿಟ್ಟುಕೊಂಡು, ಬೆಲ್ಲ ಹಾಕುವುದನ್ನು ಮರೆತಿದ್ದೀಯ ಎಂದರು. ಉಪ್ಪು, ಬೆಳ್ಳುಳ್ಳಿ, ಮೆಣಸಿನಪುಡಿ ಬಿದ್ದ ಗಿಣ್ಣನ್ನು ಲೋಕದಲ್ಲಿ ಇನ್ಯಾರೂ ತಿಂದಿರಲಾರರು. ನಾವು ಎರಡು ದಿನ ತಿಂದೆವು.

ನನಗೆ ಬೇಕಾದದ್ದು ಕಾಸಿದ ಹಾಲಿನ ಮೇಲೆ ಕಟ್ಟುವ ಕೆನೆ. ಹುಳಿಯಾಗಿರಬಾರದು, ಹುಳಿ ಕೆನೆ ಓವನಿನೊಳಗೆ ಒಡೆಯುತ್ತದೆ. ಅತ್ತೆ ದಿನಾ ತೆಗೆದು ತಣ್ಣಗೆ ಇಟ್ಟರೆ ನಾಲ್ಕು ದಿನದ್ದು ಸಾಕು.

ಇದರಲ್ಲಿ ನಾನು ಇಷ್ಟು ಹಟ ಹಿಡಿದಿರುವುದು ಯಾಕೆಂದು ನಿನಗೆ ಗೊತ್ತು. ನಾಲ್ಕು ವರ್ಷ ಹುಟ್ಟುಹಬ್ಬದ ಕೇಕ್ ಮಾಡಿ ಕೂಡಿಸಿದ ದುಡ್ಡಿನಲ್ಲಿ ಈ ಓವನ್ ತಂದೆ. ಕೇಕು ಈಗ ಬೀದಿಗೊಬ್ಬರು ಮಾಡುತ್ತಾರೆ. ಕೌಂಟರ್ ಸಿಕ್ಕರೆ ಓವನಿಗೆ ಕೆಲಸ, ನನಗೂ ಕೆಲಸ.

ಮಾವ, ನಾಲ್ಕು ಲಕ್ಷ ಎಂದು ಬರೆದು ಮುಂದಿನ ಸಾಲಿಗೇ ಮೀಸೆಯ ಮಾತಿಗೆ ಹೋಗಿದ್ದೀಯ. ಮುಂದಿನ ಬಿತ್ತನೆಗೆ ಏನು ಮಾಡುತ್ತೀಯ? ಅತ್ತೆಗೆ ಹೇಳದೆ ಎಷ್ಟು ದಿನ ಒಬ್ಬನೇ ಹೊತ್ತುಕೊಂಡಿರುತ್ತೀಯ? ಅಪ್ಪ ತೀರಿಕೊಂಡ ವರ್ಷ ಎರಡು ಎಮ್ಮೆ ಮಾರಿ ನನ್ನ ಬಿ.ಕಾಂ. ಮುಗಿಸಿದವನು ನೀನು. ಅಮ್ಮ ವಿಚಾರಿಸಿದರೆ, ಮೇಯಲು ಹೋದವು ತಪ್ಪಿಸಿಕೊಂಡವು ಅಂದಿದ್ದೆಯಂತೆ. ನನ್ನ ಹತ್ತಿರ ಹಾಗೆಲ್ಲ ಹೇಳಬೇಡ. ನಿಜವಾಗಿ ಎಷ್ಟು ಹೋಯಿತು?

ನಿನ್ನ
ಮಾನಸಾ


ಶಾಂತಿಗ್ರಾಮ
21 ಸೆಪ್ಟೆಂಬರ್ 2024

ಮಗಳು ಮಾನಸಾಳಿಗೆ ಆಶೀರ್ವಾದ.

ಮಾರಿದ್ದು ಎರಡಲ್ಲ, ಆರು ಎಮ್ಮೆ. ನಿನ್ನ ಲೆಕ್ಕ ಯಾವಾಗಲೂ ಕಮ್ಮಿ. ಗಿಣ್ಣಿನಲ್ಲಿ ನನ್ನ ತಪ್ಪೇನೂ ಇಲ್ಲ, ನಿನ್ನ ಓವನಿನ ಶಾಖ ಜಾಸ್ತಿ.

ಅದನ್ನು ತೋರಿಸಿಕೊಡಲೆಂದೇ ಮೊನ್ನೆ ನಾನೇ ಮಾಡಿದೆ. ಹಿತ್ತಲಲ್ಲಿ ಕೆಂಡ ಹರಡಿ ಬೋಸಿ ಇಟ್ಟು, ಮೇಲೆ ತಟ್ಟೆ ಮುಚ್ಚಿ, ತಟ್ಟೆಯ ಮೇಲೂ ಕೆಂಡ ಸುರಿದೆ. ಕೆಳಗೂ ಬೆಂಕಿ, ಮೇಲೂ ಬೆಂಕಿ. ಓವನ್ ಎಂದರೆ ಇನ್ನೇನು. ನಿನ್ನ ಅತ್ತೆ ದನಕ್ಕೆ ಹುಲ್ಲು ಹಾಕಲು ಬಂದವಳು ನಿಂತು ನೋಡಿದಳು.

"ಏನ್ ಮಾಡ್ತಾ ಇದ್ದೀರಿ? ಯಾರಿಗಾರ ಮಾಟಗೀಟ ಮಾಡ್ತಿದ್ದೀರಾ ಎಂಗೆ?"

ಆಲೂಗೆಡ್ಡೆ ಬೇಯಿಸುತ್ತಿದ್ದೇನೆ ಅಂದೆ. ಹೆಚ್ಚಿದ ಗೆಡ್ಡೆಯನ್ನು ನೀರಿಗೆ ಹಾಕಿದಿರಾ ಎಂದು ಕೇಳಿದಳು. ಇಲ್ಲ ಅಂದೆ. ಕಪ್ಪಾಗುತ್ತದೆ, ಅಷ್ಟೂ ಬುದ್ಧಿ ಬೇಡವೇ ಎಂದು ಬೈದು ಹೋದಳು. ತಳ ಸೀದಿತ್ತು, ಮೇಲೆ ಬೂದಿ ಬಿದ್ದಿತ್ತು. ನಡುವಿನ ಎರಡು ಪದರ ಮಾತ್ರ ಬೆಣ್ಣೆಯ ಹಾಗೆ ಬಂದಿತ್ತು. ಅದನ್ನು ನಿನ್ನ ಅತ್ತೆ ಪೂರ್ತಿ ತಿಂದಳು. ಆಮೇಲೆ ಕೂತವನನ್ನು ಅವಳೇ ರೆಟ್ಟೆ ಹಿಡಿದು ಎಬ್ಬಿಸಬೇಕಾಯಿತು. ಹೊಗೆ ಜಾಸ್ತಿಯಾಗಿತ್ತು, ಅದಕ್ಕೆ.

ಹಾಗಾಗಿ ಬಿಲ್ಲೆಗಳನ್ನು ಒಂದು ಗಂಟೆ ನೀರಿನಲ್ಲಿ ನೆನೆಹಾಕು. ಇದು ನಮ್ಮ ಮನೆಯ ಪದ್ಧತಿ. ಕೆನೆ ಕಳಿಸಿದ್ದೇನೆ, ಈ ಸಲ ಕೆನೆಯೇ.

ನಷ್ಟದ ವಿಚಾರ ಪದೇ ಪದೇ ಕೇಳಬೇಡ. ನಾಲ್ಕೂವರೆ ಲಕ್ಷ ನನಗೆ ಒಂದು ಲೆಕ್ಕವೇ. ನಿದ್ದೆ ಚೆನ್ನಾಗಿ ಬರುತ್ತಿದೆ. ಬೆಳಗ್ಗೆ ಒಂದು ಸಲ, ಮಧ್ಯಾಹ್ನ ಎರಡು ಸಲ ಬಸ್ ಸ್ಟ್ಯಾಂಡಿನ ತನಕ ಸುಮ್ಮನೆ ಹೋಗಿ ಬರುತ್ತೇನೆ, ಕಾಲಿಗೆ ವ್ಯಾಯಾಮವೆಂದು. ಸಂಜೆಯೂ ಹೋಗುತ್ತೇನೆ.

ಇಂತು
ಚಂದ್ರಯ್ಯ


ಹೊಳೆನರಸೀಪುರ
2 ಅಕ್ಟೋಬರ್ 2024

ಮಾವನಿಗೆ ನಮಸ್ಕಾರ.

ನೀರಿಗೆ ಹಾಕಿದ್ದೇ ತಪ್ಪಾಗಿತ್ತು. ಎರಡು ಸಲ ಮಾಡಿದರೂ ತಟ್ಟೆಯಲ್ಲಿ ಕೆನೆ ತಿಳಿಸಾರಿನ ಹಾಗೆ ನಿಂತಿತ್ತು. ಮೂರನೇ ಸಲ ನೀರು ಮುಟ್ಟಿಸಲಿಲ್ಲ. ಗೆಡ್ಡೆಯನ್ನು ಮೊದಲೇ ತೊಳೆದು ಒರೆಸಿ, ಕೊನೆ ಗಳಿಗೆಯಲ್ಲಿ ಹೆಚ್ಚಿ ಹಾಗೇ ಜೋಡಿಸಿದೆ. ಗೆಡ್ಡೆಯ ಹಿಟ್ಟಿನಂಶವೇ ಕೆನೆಯನ್ನು ಹಿಡಿದು ಗಟ್ಟಿ ಮಾಡುವುದು. ನಾವು ಅದನ್ನೇ ತೊಳೆದು ಬಚ್ಚಲಿಗೆ ಚೆಲ್ಲುತ್ತಿದ್ದೆವು. ಅತ್ತೆಗೆ ಹೇಳು, ಪಲ್ಯಕ್ಕೆ ಅವರು ಹೇಳಿದ್ದು ಸರಿ, ಇದಕ್ಕಲ್ಲ.

ತಟ್ಟೆಗೆ ಬೆಣ್ಣೆ ಸವರಿ ಬೆಳ್ಳುಳ್ಳಿ ಉಜ್ಜಿದೆ. ಕೆನೆಗೆ ಸ್ವಲ್ಪ ಹಾಲು ಬೆರೆಸಿ, ಉಪ್ಪು, ಮೆಣಸಿನಪುಡಿ, ಒಂದು ಚಿಟಿಕೆ ಜಾಯಿಕಾಯಿ ಹಾಕಿ ಬೆಚ್ಚಗೆ ಮಾಡಿ ಸುರಿದೆ. ಮುಚ್ಚಿ ನಲವತ್ತು ನಿಮಿಷ, ಮುಚ್ಚಳ ತೆಗೆದು ಇಪ್ಪತ್ತು ನಿಮಿಷ. ಹೊರಗೆ ತೆಗೆದ ಕೂಡಲೇ ಕೈ ಹಾಕದೆ ಕಾಲು ಗಂಟೆ ಬಿಟ್ಟೆ. ಚಮಚ ಇಳಿಸಿದರೆ ಪದರಪದರವಾಗಿ ಬಂತು, ಮಾವ. ಅಂಚಿನಲ್ಲಿ ಕೆಂಪಗೆ ಗರಿಗರಿ, ಒಳಗೆ ಮೆತ್ತಗೆ. ರಜನೀಶ್ ಈ ಸಲ ಬೆಲ್ಲ ಕೇಳಲಿಲ್ಲ.

ಗೆಡ್ಡೆ ಮುಗಿಯಿತು. ರವೀಂದ್ರ ಅವರಿಗೆ ನಮ್ಮ ಮಾವನ ಹೊಲದ್ದೇ ಗೆಡ್ಡೆ ಎಂದು ಹೇಳಿಬಿಟ್ಟಿದ್ದೇನೆ. ಉಳಿದಿದ್ದರೆ ಇಪ್ಪತ್ತು ಕೆಜಿ ಕಳಿಸು. ಇಲ್ಲದಿದ್ದರೆ ಇಲ್ಲ ಅನ್ನು, ಇಲ್ಲಿ ಸಂತೆಯಲ್ಲಿ ತಗೊಳ್ಳುತ್ತೇನೆ. ಅದರಲ್ಲಿ ನಾಚಿಕೆಯೇನೂ ಇಲ್ಲ.

ಹಿಂದಿನ ಕಾಗದದಲ್ಲಿ ನಾಲ್ಕು, ಈ ಕಾಗದದಲ್ಲಿ ನಾಲ್ಕೂವರೆ. ನನಗೆ ದಿಗಿಲಾಗುತ್ತಿದೆ.

ಮಾನಸಾ


ಶಾಂತಿಗ್ರಾಮ
12 ಅಕ್ಟೋಬರ್ 2024

ಮಗಳು ಮಾನಸಾಳಿಗೆ ಆಶೀರ್ವಾದ.

ಇಲ್ಲ ಅನ್ನುವ ಮಾತು ನಮ್ಮ ವಂಶದಲ್ಲಿಲ್ಲ. ಇಪ್ಪತ್ತು ಕೇಳಿದೆ, ಐವತ್ತು ಕೆಜಿ ಕಳಿಸಿದ್ದೇನೆ. ನಮ್ಮ ಹೊಲದ್ದೇ. ಒಂದೊಂದು ಗೆಡ್ಡೆ ಹೇಗಿದೆ ನೋಡು, ತೂಕದ ಕಲ್ಲಿನ ಹಾಗೆ. ರೋಗಕ್ಕೂ ನನ್ನ ಗೆಡ್ಡೆ ಎಂದರೆ ಭಯ.

ಒಂದು ಮಾತು. ಒಂದು ವೇಳೆ ಗೆಡ್ಡೆ ಸ್ವಲ್ಪ ಸಿಹಿ ಇದ್ದರೆ, ಇರುವುದಿಲ್ಲ, ಆದರೂ ಇದ್ದರೆ, ನೆರಳಿನಲ್ಲಿ ಗೋಣಿಚೀಲದ ಮೇಲೆ ಹರಡಿ ಹದಿನೈದು ಇಪ್ಪತ್ತು ದಿನ ಬಿಡು. ಸಿಹಿ ಇಳಿಯುತ್ತದೆ. ಇದು ಯಾಕೆ ಎಂದು ಕೇಳಬೇಡ, ದೊಡ್ಡವರ ಅನುಭವ.

ಈ ಸಲ ಬೇರೇನೂ ಬರೆಯಲು ಹೊತ್ತಿಲ್ಲ. ಹಾಸನಕ್ಕೆ ಹೋಗಿ ಬಂದು ಸುಸ್ತಾಗಿದೆ. ನಾಳೆ ಮತ್ತೆ ಹೋಗುತ್ತೇನೆ, ಕೆಲಸವೇನೂ ಇಲ್ಲ. ಮನೆಯಲ್ಲಿ ಕೂತರೆ ನಿನ್ನ ಅತ್ತೆ ಮುಖ ನೋಡುತ್ತಾಳೆ.

ಇಂತು
ಚಂದ್ರಯ್ಯ


ಹೊಳೆನರಸೀಪುರ
24 ಅಕ್ಟೋಬರ್ 2024

ಮಾವನಿಗೆ ನಮಸ್ಕಾರ.

ನಿನ್ನ ಮಾತು ವಿಚಿತ್ರ ಎನಿಸಿದರೂ ಮೂಟೆ ಬಂದ ದಿನವೇ ಗೆಡ್ಡೆಗಳನ್ನು ಹರಡಿದೆ. ನಿನ್ನೆ ನಾಲ್ಕು ತೆಗೆದು ಮಾಡಿ ನೋಡಿದೆ. ಇನ್ನೂ ಸಿಹಿ. ಒಳಗೆ ಬೇಯುವ ಮುಂಚೆಯೇ ಅಂಚು ಕಪ್ಪಾಯಿತು. ಸಂತೆಯಲ್ಲಿ ತರಕಾರಿಯವಳಿಗೆ ಒಂದು ಗೆಡ್ಡೆ ತೋರಿಸಿದೆ. ಕೈಯಲ್ಲಿ ತಿರುಗಿಸಿ ನೋಡಿ, "ಇದು ಕೋಲ್ಡ್ ಸ್ಟೋರೇಜಿಂದು ಕಣವ್ವ, ಒಲದ್ದಲ್ಲ. ತಣ್ಣಗಿಕ್ಕಿದ್ರೆ ಸೀ ಆಯ್ತದೆ" ಅಂದಳು. ಮನೆಗೆ ಬಂದು ಚೀಲ ಕೊಡವಿದೆ. ಹಾಸನದ ಮಂಡಿಯ ಚೀಟಿ ಬಿತ್ತು. ತಾರೀಕು ಅಕ್ಟೋಬರ್ ಹನ್ನೊಂದು, ಹೆಸರು ಚಂದ್ರಯ್ಯ.

ಬೈಯಬೇಕೆಂದು ಕೂತರೆ ಅಳು ಬಂತು. ಹೊಲದಲ್ಲಿ ಒಂದು ಗೆಡ್ಡೆಯೂ ಉಳಿಯದೆ ಮಂಡಿಯಲ್ಲಿ ಕೊಂಡು ನನಗೆ ಕಳಿಸಿದ್ದೀಯ. ನಿನ್ನ ಸ್ಥಿತಿ ಅಲ್ಲಿಗೆ ಬಂದಿದೆ, ನಾನು ಇಲ್ಲಿ ಜಾಯಿಕಾಯಿ ಅಳೆಯುತ್ತಿದ್ದೇನೆ.

ಓವನ್ ಕೊಟ್ಟುಬಿಡುತ್ತಿದ್ದೇನೆ. ಅರಕಲಗೂಡಿನಲ್ಲಿ ಬೇಕರಿ ಇಟ್ಟಿರುವ ಅರುಣ್‌ಕುಮಾರ್ ನಲವತ್ತು ಸಾವಿರಕ್ಕೆ ಒಪ್ಪಿದ್ದಾರೆ. ನವೆಂಬರ್ ಏಳು, ಗುರುವಾರ ಬೆಳಗ್ಗೆ ಗಾಡಿ ತರುತ್ತಾರೆ. ನಾಲ್ಕೂವರೆ ಲಕ್ಷದ ಮುಂದೆ ಅದು ಏನೂ ಅಲ್ಲ, ಮುಂದಿನ ಬಿತ್ತನೆ ಬೀಜಕ್ಕಾದರೂ ಆದೀತು. ರವೀಂದ್ರ ಅವರಿಗೆ ಇನ್ನೂ ತಿಳಿಸಿಲ್ಲ. ಹೇಗೆ ಹೇಳುವುದೆಂದು ತೋಚುತ್ತಿಲ್ಲ.

ಬೇಡ ಎಂದು ಬರೆಯಬೇಡ. ಎಮ್ಮೆ ಮಾರುವಾಗ ನೀನು ನನ್ನನ್ನು ಕೇಳಿರಲಿಲ್ಲ.

ಮಾನಸಾ


ಶಾಂತಿಗ್ರಾಮ
29 ಅಕ್ಟೋಬರ್ 2024

ಮಾನಸಾ,

ಓವನ್ ಮಾರಬೇಡ. ಇನ್ಶೂರೆನ್ಸ್ ದುಡ್ಡು ಬಂತು. ಮೂರು ಲಕ್ಷ ಬಂದಿದೆ, ಉಳಿದದ್ದು ಹಬ್ಬ ಕಳೆದ ಮೇಲೆ ಬರುತ್ತದೆ. ಆಫೀಸಿನವರೇ ಮನೆಗೆ ಬಂದು ಕೈ ಮುಗಿದು ಕೊಟ್ಟು ಹೋದರು. ನಾನೀಗ ಮೊದಲಿಗಿಂತ ಶ್ರೀಮಂತ.

ಮಂಡಿಯ ಚೀಟಿ ಇನ್ನೊಬ್ಬ ಚಂದ್ರಯ್ಯನದು. ಹಾಸನದಲ್ಲಿ ಚಂದ್ರಯ್ಯಂದಿರು ಬೇಕಾದಷ್ಟಿದ್ದಾರೆ.

ಆ ಬೇಕರಿಯವನಿಗೆ ಆಗುವುದಿಲ್ಲ ಎಂದು ಹೇಳು. ಇವತ್ತೇ ಹೇಳು. ಈ ಕಾಗದವನ್ನು ಮನುವಿಗೆ ಕೊಟ್ಟು ಬಸ್ಸು ಹೊರಡುವ ತನಕ ಸ್ಟ್ಯಾಂಡಿನಲ್ಲೇ ನಿಂತಿರುತ್ತೇನೆ.

ಚಂದ್ರಯ್ಯ


ಹೊಳೆನರಸೀಪುರ
3 ನವೆಂಬರ್ 2024

ಮಾವನಿಗೆ,

ಇನ್ಶೂರೆನ್ಸಿನವರು ಮನೆಗೆ ಬಂದು ಕೈ ಮುಗಿದು ಕೊಟ್ಟರು ಎಂದು ಬರೆದಿದ್ದೀಯ. ಇದನ್ನು ರಜನೀಶ್‌ಗೆ ಓದಿ ಹೇಳಿದೆ. ಅವರು ನಗಲಿಲ್ಲ. "ಪಾಪ, ಎಷ್ಟ್ ಕಷ್ಟದಲ್ಲಿದ್ದಾರೋ" ಅಂದರು.

ದುಡ್ಡು ಬಂದಿದ್ದರೆ ಬ್ಯಾಂಕಿನ ಪಾಸ್‌ಬುಕ್ ಮನು ಕೈಯಲ್ಲಿ ಕಳಿಸು, ನೋಡಿ ವಾಪಸ್ ಕಳಿಸುತ್ತೇನೆ. ಇಲ್ಲವಾದರೆ ಗುರುವಾರ ಓವನ್ ಹೋಗುತ್ತದೆ. ಅರುಣ್‌ಕುಮಾರ್ ಐದು ಸಾವಿರ ಅಡ್ವಾನ್ಸ್ ಕೊಟ್ಟು ಹೋಗಿದ್ದಾರೆ. ಅತ್ತೆಗೆ ಹೇಳುವುದಿಲ್ಲ ಎಂದು ನಿನಗೆ ಮಾತು ಕೊಟ್ಟಿದ್ದೇನೆ, ಉಳಿಸಿಕೊಂಡಿದ್ದೇನೆ.

ಮಾನಸಾ


ಹೊಳೆನರಸೀಪುರ ಬಸ್ ಸ್ಟ್ಯಾಂಡ್
6 ನವೆಂಬರ್ 2024, ಬುಧವಾರ

ಮಾನಸಾ,

ನಾನು ನಿಮ್ಮ ಊರಿನಲ್ಲೇ ಇದ್ದೇನೆ. ಬೆಳಗ್ಗೆ ಬಂದವನು ನಿಮ್ಮ ಬೀದಿಯ ಮೂಲೆಯ ತನಕ ಎರಡು ಸಲ ಹೋಗಿ ಹಿಂದಿರುಗಿದೆ. ಕಿಟಕಿಯಲ್ಲಿ ನೀನು ಓವನ್ ಒರೆಸುತ್ತಿದ್ದೆ, ನಾಳೆ ಕೊಡಲಿಕ್ಕೆ ಇರಬೇಕು. ಬಾಯಿಬಿಟ್ಟು ಹೇಳೋಣವೆಂದರೆ ನನ್ನ ನಾಲಿಗೆ ಒಂದನ್ನು ಹತ್ತು ಮಾಡುತ್ತದೆ. ಪೆನ್ನು ನಿಧಾನ, ಅದಕ್ಕೆ ಇಲ್ಲಿ ಬೆಂಚಿನ ಮೇಲೆ ಕೂತು ಬರೆಯುತ್ತಿದ್ದೇನೆ. ಇದು ಮೂರನೇ ಹಾಳೆ. ಮೊದಲ ಎರಡರಲ್ಲೂ ಇನ್ಶೂರೆನ್ಸ್ ಬಂದುಬಿಟ್ಟಿತ್ತು.

ಅರಕಲಗೂಡಿನ ಕಡೆ ಹತ್ತು ಎಕರೆ ಎಂದೆನಲ್ಲ, ಅಲ್ಲಿ ನನಗೆ ಒಂದು ಗುಂಟೆಯೂ ಇಲ್ಲ. ಗುತ್ತಿಗೆಯೂ ಹಿಡಿದಿಲ್ಲ. ನಮ್ಮ ಮೂರು ಎಕರೆಯನ್ನೇ ಈ ಮೇ ತಿಂಗಳಲ್ಲಿ ಹುಚ್ಚಯ್ಯನಿಗೆ ಗುತ್ತಿಗೆಗೆ ಕೊಟ್ಟೆ. ಗೆಡ್ಡೆ ನಾಟಿಗೆ ಬಗ್ಗಬೇಕು. ಬಗ್ಗಿದರೆ ಮಂಡಿ ನನ್ನನ್ನು ಮೇಲಕ್ಕೆ ಬಿಡುವುದಿಲ್ಲ. ಎರಡು ವರ್ಷದಿಂದ ಹೀಗೆ. ನಿನ್ನ ಅತ್ತೆಗೆ ಮಾತ್ರ ಗೊತ್ತು. ಮನೆಯ ಹಿಂದಿನ ಹತ್ತು ಗುಂಟೆ ಉಳಿಸಿಕೊಂಡು, ಬೀಜದ ಗೆಡ್ಡೆಯನ್ನು ಕೂತಲ್ಲೇ ಕೊಯ್ದು, ಕೂತಲ್ಲೇ ತೆವಳಿಕೊಂಡು ನೆಟ್ಟೆ. ಅಷ್ಟೇ ನನ್ನ ಈ ವರ್ಷದ ಆಲೂಗೆಡ್ಡೆ. ನಿನಗೆ ಮೊದಲು ಕಳಿಸಿದ್ದು ಅದರದ್ದೇ. ಆ ಅರ್ಧ ಮೂಟೆ ಮಾತ್ರ ಸುಳ್ಳಲ್ಲ.

ರೋಗ ಎಲ್ಲರಿಗೂ ಬಂತು. ಹುಚ್ಚಯ್ಯನಿಗೆ ಎರಡು ಲಕ್ಷ ಹೋದದ್ದು ನನ್ನ ಭೂಮಿಯಲ್ಲೇ. ಹೋಟೆಲಿನಲ್ಲಿ ಎಲ್ಲರೂ ಅವನನ್ನು ಸುತ್ತುಗಟ್ಟಿ ಕೂತಿದ್ದರು. ಟೀ ಕೊಡಿಸುವವರೇನು, ಬೆನ್ನು ಸವರುವವರೇನು. ನಾನೂ ಹೋಗಿ ಬೆಂಚಿನ ತುದಿಯಲ್ಲಿ ಕೂತೆ. ಯಾರೋ ಕೇಳಿದರು, "ಚಂದ್ರಣ್ಣ, ನಿಂದೆಷ್ಟು ಓಯ್ತು?" ನಾನು ಬಾಯಿ ತೆರೆಯುವ ಮೊದಲೇ ಇನ್ನೊಬ್ಬ ಅಂದ, "ಅವಂದೇನ್ ಓಯ್ತದೆ ಬುಡ್ಲಾ. ಅವನ್ ಬ್ಯಾಸಾಯದ ಕಾಲ ಮುಗೀತು."

ಅವನು ಬೇಕೆಂದು ಅಂದದ್ದಲ್ಲ. ಸಕ್ಕರೆ ಕಲಸುತ್ತಾ ಅಂದ. ನನಗೆ ಮೈಯೆಲ್ಲ ಉರಿಯಿತು. ನಾಲ್ಕು ಲಕ್ಷ ಅಂದುಬಿಟ್ಟೆ, ಅರಕಲಗೂಡಿನ ಕಡೆ ಹಾಕಿದ್ದೆ, ನಿಮಗೆ ಹೇಳಿರಲಿಲ್ಲ ಅಂದೆ. ಎಲ್ಲರೂ ನನ್ನ ಕಡೆ ತಿರುಗಿದರು. ಹುಚ್ಚಯ್ಯನೇ ಎದ್ದು ಬಂದು ನನ್ನ ಕೈ ಹಿಡಿದುಕೊಂಡ. ಎರಡು ಲಕ್ಷ ಕಳೆದುಕೊಂಡವನು ನನಗೆ ಟೀ ಕೊಡಿಸಿದ. ಅದನ್ನು ಕುಡಿದೆ. ಆವತ್ತಿನಿಂದ ನಾನು ಒಂದು ಕಡೆ ಕೂತಿದ್ದು ಇಲ್ಲ.

ಆ ಸುಳ್ಳು ನಿನ್ನ ಮನೆಯ ತನಕ ನಡೆದು ಬರುತ್ತದೆ ಎಂದು ನನಗೆ ಹೊಳೆಯಲಿಲ್ಲ. ಫೋನ್ ಬೇಡ ಎಂದದ್ದು ನಿನ್ನ ಅತ್ತೆಯ ಬಿಪಿಗಾಗಿ ಅಲ್ಲ. ಒಂದು ಮಾತಿನಲ್ಲಿ ಅವಳು ನನ್ನನ್ನು ಬಯಲಿಗೆಳೆಯುತ್ತಿದ್ದಳು. ನೀನು ಗೆಡ್ಡೆ ಕೇಳಿದಾಗ ಇಲ್ಲ ಎಂದಿದ್ದರೆ ಸಾಕಿತ್ತು. ಮಂಡಿಯಲ್ಲಿ ಕೋಲ್ಡ್ ಸ್ಟೋರೇಜಿನದು ಅಂತ ಗೊತ್ತಿದ್ದೂ ಕೊಂಡೆ, ನೋಡಲು ದಪ್ಪಗಿತ್ತು.

ಇವತ್ತೇ ಬೇಕರಿಯವನ ಅಡ್ವಾನ್ಸ್ ವಾಪಸ್ ಕೊಡು. ಅವನು ಜಗಳಕ್ಕೆ ಬಂದರೆ ನಮ್ಮ ಮಾವ ಸುಳ್ಳ ಎಂದು ಹೇಳು, ಇದೇ ಕಾಗದ ತೋರಿಸು. ಭಾನುವಾರ ಚನ್ನರಾಯಪಟ್ಟಣಕ್ಕೆ ಹೋಗಿ ರವೀಂದ್ರನಿಗೆ ಬಡಿಸು. ಗೆಡ್ಡೆ ನಮ್ಮ ಮಾವನ ಹೊಲದ್ದಲ್ಲ ಎಂದು ಮೊದಲೇ ಹೇಳಿಬಿಡು. ರುಚಿಗೆ ಅದರಿಂದ ಏನೂ ಆಗುವುದಿಲ್ಲ. ನಲವತ್ತು ಸಾವಿರ ನನಗೆ ಬೇಡ. ನನಗೆ ಹೋದದ್ದು ಅದರ ಹತ್ತಿರಕ್ಕೂ ಬರುವುದಿಲ್ಲ. ಹತ್ತು ಗುಂಟೆಯಲ್ಲಿ ಎಷ್ಟು ತಾನೇ ಹೋಗುತ್ತದೆ, ನೀನೇ ಅಂದಾಜು ಮಾಡು.

ಮನು ಹತ್ತು ನಿಮಿಷ ಇದೆ ಎಂದಿದ್ದಾನೆ. ನಿಮ್ಮ ಮನೆಗೆ ಓಡಿ ಕೊಟ್ಟು ಬರುತ್ತಾನೆ. ನಾನು ಇಲ್ಲೇ ಕೂತಿರುತ್ತೇನೆ.

ನಿನ್ನ ಮಾವ
ಚಂದ್ರಯ್ಯ

ಸಹಿ ಹಾಕಿ ಮಡಿಸಿ ಮನು ಕೈಗೆ ಕೊಟ್ಟಿದ್ದೆ. ಮತ್ತೆ ಇಸಿದುಕೊಂಡೆ. ಅಂದಾಜು ಮಾಡು ಎಂದರೆ ನೀನು ಐವತ್ತು ಸಾವಿರ ಅಂದುಕೊಳ್ಳುತ್ತೀಯ, ಓವನ್ ಕೊಟ್ಟೇಬಿಡುತ್ತೀಯ. ಬೀಜ, ಗೊಬ್ಬರ, ಔಷಧಿ, ಎರಡಾಳು ಕೂಲಿ ಸೇರಿಸಿ, ಮಾರಿದ ಮೂರು ಮೂಟೆಯ ದುಡ್ಡು ಕಳೆದರೆ, ನನಗೆ ಹೋದದ್ದು ಎಂಟು ಸಾವಿರದ ಮುನ್ನೂರ ನಲವತ್ತು ರೂಪಾಯಿ.